ಕೊನೆಗಾಲದಲ್ಲಿ ಯಾರ ಮಾತು ನಡೆಯಬೇಕು?

ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿ - ಇಂದು ವಿಜಯನಗರ ಜಿಲ್ಲೆಗೆ ಸೇರಿದ ಈ ಸೀಮೆಯ ಬಹುಭಾಗ ಒಂದು ಕಾಲಕ್ಕೆ ನೊಳಂಬವಾಡಿಯಾಗಿತ್ತು. ಹಗರಿಬೊಮ್ಮನಹಳ್ಳಿ ತಾಲ್ಲೂಕಿನ ಕೋಗಳಿ ಜೈನರ ಹಳೆಯ ಕೇಂದ್ರ. ನೊಳಂಬರನ್ನು ಸೋಲಿಸಿ ‘ನೊಳಂಬಕುಲಾಂತಕ’ನೆನಿಸಿದ ಗಂಗ ದೊರೆ ಮಾರಸಿಂಹ ಕೊನೆಗೆ ರಾಜ್ಯ ತೊರೆದು, ತುಂಗಭದ್ರೆಯ ಆಚೆಗಿನ ಬಂಕಾಪುರದಲ್ಲಿ ಗುರು ಅಜಿತಸೇನರ ಸನ್ನಿಧಿಯಲ್ಲಿ ಮೂರು ದಿನ ಉಪವಾಸವಿದ್ದು ದೇಹ ಬಿಟ್ಟ. ಕ್ರಿ.ಶ. 974ರ ಸುಮಾರಿನ ಈ ಸಂಗತಿಯನ್ನು ಶ್ರವಣಬೆಳಗೊಳದ ಶಾಸನ ಹೇಳುತ್ತದೆ.

ಇದು ಸಲ್ಲೇಖನ. ದಯಾಮರಣದ ಚರ್ಚೆ ಬಂದಾಗಲೆಲ್ಲ ಇದರ ಹೆಸರೂ ಬರುತ್ತದೆ. ಆದರೆ ಎರಡೂ ಒಂದೇ ಅಲ್ಲ. ಸಲ್ಲೇಖನ ಗುರುವಿನ ಅಪ್ಪಣೆ ಪಡೆದು, ಎಚ್ಚರದಿಂದ ಹಿಡಿಯುವ ವ್ರತ. ನೋವಿನಿಂದ ಪಾರಾಗುವ ಉಪಾಯವಲ್ಲ ಎಂಬುದು ಜೈನರ ನಿಲುವು. 2015ರ ಆಗಸ್ಟಿನಲ್ಲಿ ರಾಜಸ್ಥಾನ ಹೈಕೋರ್ಟು ಇದನ್ನು ಆತ್ಮಹತ್ಯೆಗೆ ಸಮನೆಂದಿತು. ಅದೇ ತಿಂಗಳು ಸುಪ್ರೀಂ ಕೋರ್ಟು ಆ ತೀರ್ಪಿಗೆ ತಡೆ ನೀಡಿತು.

ಮಾರಸಿಂಹ ತನ್ನ ನಿರ್ಧಾರವನ್ನು ತಾನೇ ಮಾಡಿದ. ಮಾತೇ ನಿಂತುಹೋದವರ ಪಾಡೇನು? ಹೊನ್ನಾವರ ತಾಲ್ಲೂಕಿನ ಹಳದೀಪುರದ ಅರುಣಾ ಶಾನಭಾಗ ಮುಂಬೈಯ ಕೆ.ಇ.ಎಂ. ಆಸ್ಪತ್ರೆಯಲ್ಲಿ ದಾದಿಯಾಗಿದ್ದರು. 1973ರಲ್ಲಿ ಅಲ್ಲಿಯೇ ಅತ್ಯಾಚಾರಕ್ಕೊಳಗಾಗಿ ಪ್ರಜ್ಞೆ ಕಳೆದುಕೊಂಡರು. ಅವರಿಗೆ ಮುಕ್ತಿ ಕೊಡಿಸಿರೆಂದು ಲೇಖಕಿ ಪಿಂಕಿ ವಿರಾನಿ ಕೋರ್ಟಿಗೆ ಹೋದರು. ವರ್ಷಗಟ್ಟಲೆ ಆರೈಕೆ ಮಾಡಿದ್ದ ಆಸ್ಪತ್ರೆಯ ಸಿಬ್ಬಂದಿ ಒಪ್ಪಲಿಲ್ಲ. 2011ರ ಮಾರ್ಚ್ 7ರಂದು ಸುಪ್ರೀಂ ಕೋರ್ಟು ಸಿಬ್ಬಂದಿಯ ಮಾತನ್ನೇ ಮನ್ನಿಸಿತು. ಆದರೆ ಅದೇ ತೀರ್ಪಿನಲ್ಲಿ, ಕಟ್ಟುಪಾಡುಗಳೊಂದಿಗೆ ಜೀವರಕ್ಷಕ ಚಿಕಿತ್ಸೆ ನಿಲ್ಲಿಸಬಹುದೆಂದೂ ಹೇಳಿತು. ಅರುಣಾ ತೀರಿಕೊಂಡದ್ದು 2015ರಲ್ಲಿ.

2018ರಲ್ಲಿ ಸಂವಿಧಾನ ಪೀಠವು ಘನತೆಯ ಸಾವೂ ಬದುಕುವ ಹಕ್ಕಿನ ಭಾಗವೆಂದಿತು. ಮುಂದೆ ಮಾತಾಡಲಾಗದ ಸ್ಥಿತಿ ಬಂದರೆ ಏನಾಗಬೇಕೆಂದು ಮೊದಲೇ ಬರೆದಿಡುವ ಉಯಿಲನ್ನೂ ಮಾನ್ಯ ಮಾಡಿತು. 2023ರಲ್ಲಿ ಕ್ರಮ ಸರಳವಾಯಿತು: ಇಬ್ಬರು ಸಾಕ್ಷಿಗಳು, ನೋಟರಿ ಅಥವಾ ಗೆಜೆಟೆಡ್ ಅಧಿಕಾರಿಯ ದೃಢೀಕರಣ ಸಾಕು. ಕರ್ನಾಟಕದ ಆರೋಗ್ಯ ಇಲಾಖೆ 2025ರ ಜನವರಿ 30ರಂದು ಇದರ ಜಾರಿಗೆ ಸುತ್ತೋಲೆ ಹೊರಡಿಸಿತು. ಚಿಕಿತ್ಸೆ ನಿಲ್ಲಿಸಲು ವೈದ್ಯರ ಎರಡು ಮಂಡಳಿಗಳು ಒಪ್ಪಬೇಕು. ಮದ್ದು ಕೊಟ್ಟು ಸಾಯಿಸುವುದು ಮಾತ್ರ ಅಪರಾಧವಾಗಿಯೇ ಉಳಿದಿದೆ.

ವಿರೋಧಿಗಳ ಭಯವೂ ಸುಳ್ಳಲ್ಲ. ಹೊಲ ಅಡವಿಟ್ಟು ರೋಗಿಯನ್ನು ದಾವಣಗೆರೆಗೋ ಬಳ್ಳಾರಿಗೋ ಒಯ್ಯುವ ಮನೆಯಲ್ಲಿ ‘ಸಾಕು’ ಎನ್ನುವುದು ರೋಗಿಯೋ, ಸಾಲವೋ? ಎರಡು ಮಂಡಳಿಗಳ ಕಾವಲು ಇರುವುದು ಈ ಕಾರಣಕ್ಕೇ. ಆದರೆ ರೋಗಿಯ ಮನಸ್ಸು ಮಂಡಳಿಗೂ ತಿಳಿಯಬೇಕಾದರೆ, ಆತ ಗಟ್ಟಿಯಾಗಿದ್ದಾಗಲೇ ಮನೆಯವರೊಡನೆ ಕೂತು ಆ ಮಾತು ಆಡಿರಬೇಕು.