ಜಾಹೀರಾತಿಲ್ಲದ ವಾರಪತ್ರಿಕೆ: ಸಂಪಾದಕ–ಪ್ರಕಾಶಕರಾಗಿ ಪಿ. ಲಂಕೇಶ್

ಕನ್ನಡ ಪತ್ರಿಕೋದ್ಯಮದ ಚರಿತ್ರೆಯನ್ನು 1843ರಲ್ಲಿ ಹರ್ಮನ್ ಮೋಗ್ಲಿಂಗ್ ಅವರು ಮಂಗಳೂರಿನಿಂದ ಹೊರತಂದ ‘ಮಂಗಳೂರ ಸಮಾಚಾರ’ದಿಂದ ಆರಂಭಿಸುವುದು ರೂಢಿ. ಆ ಚರಿತ್ರೆಯಲ್ಲಿ ದಿನಪತ್ರಿಕೆಗಳಿಗೆ ದೊರೆತ ಗಮನ ವಾರಪತ್ರಿಕೆಗಳಿಗೆ ದೊರೆತಿಲ್ಲ. ಒಬ್ಬ ವ್ಯಕ್ತಿಯ ಸಂಕಲ್ಪದಿಂದ ಹುಟ್ಟಿ, ಆ ವ್ಯಕ್ತಿಯ ಧ್ವನಿಯನ್ನೇ ತನ್ನ ಧ್ವನಿಯಾಗಿಸಿಕೊಂಡ ವಾರಪತ್ರಿಕೆಗಳು ಕನ್ನಡ ನಾಡಿನ ಎಲ್ಲ ಭಾಗಗಳಲ್ಲೂ ಇದ್ದವು. ಉತ್ತರ ಕನ್ನಡ ಜಿಲ್ಲೆಯಲ್ಲಿ ಗೇಣಿದಾರರ ಹೋರಾಟದ ಮುಂದಾಳಾಗಿದ್ದ ದಿನಕರ ದೇಸಾಯಿ ಅವರ ‘ಜನಸೇವಕ’ ಇದಕ್ಕೆ ಉತ್ತಮ ನಿದರ್ಶನ. ಅವರ ಚುಟುಕಗಳನ್ನೂ ರಾಜಕೀಯ ವಿಚಾರಗಳನ್ನೂ ಓದುಗರು ಅದೇ ಪುಟಗಳಲ್ಲಿ ಕಾಣುತ್ತಿದ್ದರು. ಸಾಹಿತಿಯೇ ಸಂಪಾದಕನಾಗುವ ಈ ಪರಂಪರೆ ಇಡೀ ರಾಜ್ಯದ ವ್ಯಾಪ್ತಿಯನ್ನು ಪಡೆದದ್ದು 1980ರಲ್ಲಿ ಆರಂಭವಾದ ‘ಲಂಕೇಶ್ ಪತ್ರಿಕೆ’ಯಲ್ಲಿ. ಜಾಹೀರಾತಿನ ಆಸರೆಯಿಲ್ಲದೆ ಪತ್ರಿಕೆಯೊಂದು ಬದುಕಬಲ್ಲುದೇ, ಬದುಕಿದರೆ ಅದಕ್ಕೆ ತೆರಬೇಕಾದ ಬೆಲೆ ಯಾವುದು ಎಂಬ ಎರಡು ಪ್ರಶ್ನೆಗಳಿಗೆ ಅದರ ಸಂಪಾದಕರ ವೃತ್ತಿಜೀವನ ಉತ್ತರ ಒದಗಿಸುತ್ತದೆ.

ಪಾಳ್ಯದ ಲಂಕೇಶ್ ಅವರು 1935ರ ಮಾರ್ಚ್ 8ರಂದು ಶಿವಮೊಗ್ಗ ಜಿಲ್ಲೆಯ ಕೊನಗವಳ್ಳಿಯಲ್ಲಿ ಜನಿಸಿದರು. ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಇಂಗ್ಲಿಷ್ ಆನರ್ಸ್, ಮೈಸೂರಿನ ಮಹಾರಾಜಾ ಕಾಲೇಜಿನಲ್ಲಿ ಎಂ.ಎ. ಮುಗಿಸಿ ಇಂಗ್ಲಿಷ್ ಅಧ್ಯಾಪಕರಾದರು. ‘ಬಿರುಕು’ ಕಾದಂಬರಿ, ‘ಸಂಕ್ರಾಂತಿ’ ನಾಟಕ, ಅವರು ಸಂಪಾದಿಸಿದ ‘ಅಕ್ಷರ ಹೊಸ ಕಾವ್ಯ’ ಇವು ಅವರನ್ನು ನವ್ಯ ಸಾಹಿತ್ಯದ ಮುಂಚೂಣಿಯಲ್ಲಿ ನಿಲ್ಲಿಸಿದವು. 1970ರ ‘ಸಂಸ್ಕಾರ’ ಚಿತ್ರದಲ್ಲಿ ನಾರಣಪ್ಪನ ಪಾತ್ರ ವಹಿಸಿದ ಅವರು ಮುಂದೆ ತಾವೇ ನಿರ್ದೇಶಕರಾದರು. 1976ರ ‘ಪಲ್ಲವಿ’ ಅವರಿಗೆ ಶ್ರೇಷ್ಠ ನಿರ್ದೇಶಕ ರಾಷ್ಟ್ರಪ್ರಶಸ್ತಿಯನ್ನು ತಂದುಕೊಟ್ಟಿತು. ಎಪ್ಪತ್ತರ ದಶಕದ ಕೊನೆಯಲ್ಲಿ ಅಧ್ಯಾಪನವನ್ನು ತೊರೆದರು. ‘ಪ್ರಜಾವಾಣಿ’ಯಲ್ಲಿ ಬರೆದ ಅಂಕಣದಿಂದ ವಿಶಾಲ ಓದುಗವರ್ಗದ ಪರಿಚಯವೂ ಆಯಿತು. ಹೀಗೆ ನಲವತ್ತೈದರ ವಯಸ್ಸಿನಲ್ಲಿ ಪತ್ರಿಕೆಯನ್ನು ಆರಂಭಿಸಿದಾಗ ಅವರ ಬಳಿ ದೊಡ್ಡ ಬಂಡವಾಳವಿರಲಿಲ್ಲ; ಮೂರು ಕ್ಷೇತ್ರಗಳಲ್ಲಿ ಗಳಿಸಿದ ಹೆಸರು ಮತ್ತು ಪಳಗಿದ ಗದ್ಯ ಇದ್ದವು.

ಕಾಲವೂ ಅನುಕೂಲವಾಗಿತ್ತು. ತುರ್ತು ಪರಿಸ್ಥಿತಿಯ ನೆನಪು ಇನ್ನೂ ಮಾಸಿರಲಿಲ್ಲ. ದಲಿತ ಸಂಘರ್ಷ ಸಮಿತಿ ಹಳ್ಳಿಗಳನ್ನು ತಲುಪಿತ್ತು. 1979ರಲ್ಲಿ ಬಂಡಾಯ ಸಾಹಿತ್ಯ ಸಂಘಟನೆ ರೂಪುಗೊಂಡಿತ್ತು. 1980ರ ಜನವರಿಯಲ್ಲಿ ಆರ್. ಗುಂಡೂರಾವ್ ಮುಖ್ಯಮಂತ್ರಿಯಾದರು. ಅದೇ ವರ್ಷದ ಜುಲೈನಲ್ಲಿ ನರಗುಂದ–ನವಲಗುಂದದ ರೈತರ ಮೇಲೆ ಗೋಲೀಬಾರ್ ನಡೆಯಿತು. ಆಳುವವರನ್ನು ಪ್ರಶ್ನಿಸುವ ಶಕ್ತಿಗಳು ಹಲವು ದಿಕ್ಕುಗಳಿಂದ ಮೂಡುತ್ತಿದ್ದ ಈ ಹೊತ್ತಿನಲ್ಲಿ, ಅವೆಲ್ಲವೂ ಒಂದೆಡೆ ಕಾಣಸಿಗುವ ಪುಟಗಳ ಅಗತ್ಯವಿತ್ತು. ಲಂಕೇಶ್ ಪತ್ರಿಕೆ ಆ ಅಗತ್ಯವನ್ನು ಪೂರೈಸಿತು.

ಪತ್ರಿಕೆಯ ಆರ್ಥಿಕ ಸ್ವರೂಪವನ್ನು ವಿಶೇಷವಾಗಿ ಪರಿಶೀಲಿಸಬೇಕಾಗುತ್ತದೆ. ಸಾಮಾನ್ಯವಾಗಿ ಪತ್ರಿಕೆಯ ಮುಖಬೆಲೆ ಕಾಗದ, ಮುದ್ರಣ, ಸಾಗಣೆ ಮತ್ತು ಏಜೆಂಟರ ಕಮಿಷನ್ನಿಗೂ ಸಾಲುವುದಿಲ್ಲ; ಉಳಿದುದನ್ನು ಜಾಹೀರಾತು ತುಂಬಿಕೊಡುತ್ತದೆ. ಪ್ರಾದೇಶಿಕ ಪತ್ರಿಕೆಗಳಿಗೆ ಸರ್ಕಾರಿ ಜಾಹೀರಾತು ಮುಖ್ಯ ಆದಾಯವಾಗಿರುವುದರಿಂದ, ಅದನ್ನು ನಿಲ್ಲಿಸುವುದು ಸೆನ್ಸಾರ್ ವಿಧಿಸದೆಯೇ ಬಾಯಿ ಮುಚ್ಚಿಸುವ ಉಪಾಯವೂ ಹೌದು. ಲಂಕೇಶರು ಜಾಹೀರಾತನ್ನೇ ತೆಗೆದುಕೊಳ್ಳದೆ ಈ ಹಿಡಿತದಿಂದ ಹೊರಗುಳಿದರು. ವರ್ಣರಂಜಿತ ಮುದ್ರಣವನ್ನು ಬಿಟ್ಟು, ಟ್ಯಾಬ್ಲಾಯ್ಡ್ ಆಕಾರದ ಕಪ್ಪುಬಿಳುಪು ಪುಟಗಳಲ್ಲಿ ವೆಚ್ಚವನ್ನು ಮಿತಗೊಳಿಸಿ, ಮಾರಾಟದ ಹಣವೊಂದನ್ನೇ ನೆಚ್ಚಿಕೊಂಡರು. ಇದರ ಪರಿಣಾಮವಾಗಿ ಪತ್ರಿಕೆಯ ನಿಜವಾದ ಒಡೆಯ ಓದುಗನೇ ಆದನು. ಅವನು ಒಂದು ವಾರ ಕೊಳ್ಳದಿದ್ದರೆ ಆ ನಷ್ಟವನ್ನು ತುಂಬುವವರು ಬೇರೆ ಯಾರೂ ಇರಲಿಲ್ಲ.

ಪತ್ರಿಕೆಯ ಭಾಷೆ ಈ ಏರ್ಪಾಡಿನ ನೇರ ಫಲವೆನ್ನಬಹುದು. ವಾರಕ್ಕೊಮ್ಮೆ ಬರುವ ಪತ್ರಿಕೆ ಸುದ್ದಿಯ ವೇಗದಲ್ಲಿ ದಿನಪತ್ರಿಕೆಯೊಡನೆ ಸ್ಪರ್ಧಿಸಲಾರದು; ಸುದ್ದಿಯ ಹಿಂದಿನ ಮನುಷ್ಯರನ್ನು ಕಾಣಿಸಿದರೆ ಮಾತ್ರ ಅದು ಉಳಿಯುತ್ತದೆ. ಗುಂಡೂರಾವ್ ಅವರನ್ನು ‘ಗುಂ’ ಎಂದು ಕರೆದ ಪತ್ರಿಕೆ ಅಧಿಕಾರದ ಸುತ್ತಲಿದ್ದ ಭಯಭಕ್ತಿಯನ್ನು ನಗೆಯಿಂದ ಕರಗಿಸಿತು. ಮಂಡ್ಯದ ಎಚ್.ಎಲ್. ಕೇಶವಮೂರ್ತಿ ಅವರ ಹಾಸ್ಯ ಬರಹಗಳು ಆ ನಗೆಗೆ ಹಳೆಯ ಮೈಸೂರು ಸೀಮೆಯ ಆಡುಮಾತಿನ ಸೊಗಡು ಕೂಡಿಸಿದವು. ಸಂಪಾದಕರ ‘ಟೀಕೆ–ಟಿಪ್ಪಣಿ’ ರಾಜಕಾರಣ, ಸಾಹಿತ್ಯ, ಸ್ವಂತ ಅನುಭವಗಳ ನಡುವಿನ ಗೋಡೆಗಳನ್ನು ಕೆಡವಿತು. ‘ನೀಲು’ ಹೆಸರಿನ ಕಿರುಕವನಗಳು ಅದೇ ಪುಟಗಳಲ್ಲಿ ಬೆಳಕು ಕಂಡವು. 1983ರಲ್ಲಿ ರಾಜ್ಯದಲ್ಲಿ ಮೊದಲ ಕಾಂಗ್ರೆಸ್ಸೇತರ ಸರ್ಕಾರ ಬಂದುದಕ್ಕೆ ಈ ಪತ್ರಿಕೆಯೊಂದೇ ಕಾರಣವೆನ್ನುವುದು ಅತಿಶಯೋಕ್ತಿ. ಆದರೆ ಆ ಬದಲಾವಣೆಯ ಮನೋಭೂಮಿಕೆಯನ್ನು ಸಿದ್ಧಪಡಿಸಿದವುಗಳಲ್ಲಿ ಇದೂ ಒಂದು. ಹೊಸ ಮುಖ್ಯಮಂತ್ರಿ ರಾಮಕೃಷ್ಣ ಹೆಗಡೆ ಅವರನ್ನೂ ಪತ್ರಿಕೆ ಟೀಕೆಯಿಂದ ಹೊರತುಪಡಿಸಲಿಲ್ಲವೆಂಬುದು ಅದರ ಸ್ವಾತಂತ್ರ್ಯಕ್ಕೆ ಸಾಕ್ಷಿ.

ರಾಜಕೀಯ ಪ್ರಭಾವಕ್ಕಿಂತ ದೀರ್ಘಕಾಲ ಉಳಿದದ್ದು ಪತ್ರಿಕೆ ಬೆಳೆಸಿದ ಬರಹಗಾರರ ಬಳಗ. ಕಾಸರಗೋಡಿನಲ್ಲಿ ಹುಟ್ಟಿದ ಸಾರಾ ಅಬೂಬಕ್ಕರ್ ಅವರು ಪತ್ರಿಕಾ ಬರವಣಿಗೆಗೆ ತೊಡಗಿದ್ದು 1981ರಲ್ಲಿ, ಇದೇ ಪತ್ರಿಕೆಯ ಮೂಲಕ. ತಲಾಖಿಗೆ ಸಿಕ್ಕ ಹೆಣ್ಣಿನ ಬದುಕನ್ನು ಚಿತ್ರಿಸುವ ‘ಚಂದ್ರಗಿರಿಯ ತೀರದಲ್ಲಿ’ ಮೊದಲು ಧಾರಾವಾಹಿಯಾಗಿ ಬಂದದ್ದೂ ಇಲ್ಲಿಯೇ. ಹಾಸನದ ಬಾನು ಮುಷ್ತಾಕ್ ಎಂಬತ್ತರ ದಶಕದಲ್ಲಿ ಪತ್ರಿಕೆಯ ವರದಿಗಾರರಾಗಿದ್ದರು. ಅವರ ಕಥೆಗಳ ಇಂಗ್ಲಿಷ್ ಅನುವಾದ ‘ಹಾರ್ಟ್ ಲ್ಯಾಂಪ್’ 2025ರಲ್ಲಿ ಅಂತರರಾಷ್ಟ್ರೀಯ ಬೂಕರ್ ಪ್ರಶಸ್ತಿ ಪಡೆದಾಗ, ಅದರ ಬೇರುಗಳಲ್ಲಿ ಒಂದು ಈ ವಾರಪತ್ರಿಕೆಯ ನೆಲದಲ್ಲಿತ್ತು. ಸಾಹಿತ್ಯ ಪತ್ರಿಕೆಗಳ ಸೀಮಿತ ವಲಯದಿಂದ ದೂರವಿದ್ದ ಲೇಖಕಿಯರಿಗೆ ಚಹಾದಂಗಡಿಯಲ್ಲೂ ಬಸ್ ನಿಲ್ದಾಣದಲ್ಲೂ ಓದುಗರನ್ನು ದೊರಕಿಸಿದ್ದು ಸಂಪಾದಕರ ಸಾಧನೆಗಳಲ್ಲಿ ಮುಖ್ಯವಾದುದು.

ಈ ಸಾಧನೆಯ ಮಗ್ಗುಲಲ್ಲೇ ಮಿತಿಗಳೂ ಇವೆ. ಆಗ ಜಾರಿಯಲ್ಲಿದ್ದ 1867ರ ಪತ್ರಿಕೆ ಮತ್ತು ಪುಸ್ತಕ ನೋಂದಣಿ ಕಾಯ್ದೆಯಂತೆ ಪ್ರತಿ ಸಂಚಿಕೆಯಲ್ಲೂ ಸಂಪಾದಕ, ಮುದ್ರಕ, ಪ್ರಕಾಶಕರ ಹೆಸರು ಅಚ್ಚಾಗಬೇಕಿತ್ತು. ಮಾನನಷ್ಟ ಮೊಕದ್ದಮೆ ಹೂಡುವವನು ಮೊದಲು ಹುಡುಕುವುದು ಆ ಸಾಲನ್ನೇ. ದೊಡ್ಡ ಸಂಸ್ಥೆಯಲ್ಲಿ ಹಂಚಿಹೋಗುವ ಈ ಹೊಣೆ ಇಲ್ಲಿ ಒಬ್ಬರ ಹೆಗಲ ಮೇಲೆ ಬಿತ್ತು. ವ್ಯಕ್ತಿಗಳನ್ನು ಲೇವಡಿ ಮಾಡುವ ಭರದಲ್ಲಿ ನ್ಯಾಯದ ಗೆರೆ ದಾಟಿದ ಆಕ್ಷೇಪಣೆಗೂ ಪತ್ರಿಕೆ ಗುರಿಯಾಯಿತು. ಎಂಬತ್ತರ ದಶಕದಲ್ಲಿ ‘ಪ್ರಗತಿರಂಗ’ದ ಮೂಲಕ ಲಂಕೇಶರು ನೇರ ರಾಜಕಾರಣಕ್ಕಿಳಿದ ಪ್ರಯತ್ನ ಫಲಿಸಲಿಲ್ಲ, ಪತ್ರಿಕೆಯನ್ನು ಕೊಳ್ಳುವ ಓದುಗ ಸಂಪಾದಕನ ಪಕ್ಷಕ್ಕೆ ಮತ ನೀಡಬೇಕಾಗಿಲ್ಲವೆಂಬುದು ಸ್ಪಷ್ಟವಾಯಿತು. ಇದೇ ಮಾದರಿ ಅನಂತರದ ಟ್ಯಾಬ್ಲಾಯ್ಡ್ ವಾರಪತ್ರಿಕೆಗಳಿಗೂ ದಾರಿಯಾಯಿತು. 1995ರಲ್ಲಿ ರವಿ ಬೆಳಗೆರೆ ಅವರು ‘ಹಾಯ್ ಬೆಂಗಳೂರ್!’ ಆರಂಭಿಸುವ ಹೊತ್ತಿಗೆ ಅಂಥ ಪತ್ರಿಕೆಯನ್ನು ಕೊಂಡು ಓದುವ ವರ್ಗವೊಂದು ಸಿದ್ಧವಾಗಿತ್ತು. ಓದುಗನ ಹಣವೊಂದನ್ನೇ ನೆಚ್ಚುವ ಪತ್ರಿಕೆ ಅವನ ವಿವೇಕಕ್ಕೆ ಬರೆಯಬಹುದು, ಕುತೂಹಲಕ್ಕೂ ಬರೆಯಬಹುದು. ಯಾವುದಕ್ಕೆ ಬರೆಯಬೇಕೆಂಬುದನ್ನು ಜಾಹೀರಾತಿನ ಗೈರುಹಾಜರಿ ನಿರ್ಧರಿಸಲಾರದು. ಸಂಪಾದಕನ ಅಭಿರುಚಿಯಷ್ಟೇ ನಿರ್ಧರಿಸಬಲ್ಲುದು.

1993ರಲ್ಲಿ ‘ಕಲ್ಲು ಕರಗುವ ಸಮಯ’ ಕಥಾಸಂಕಲನಕ್ಕೆ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂದಾಗಲೂ ಲಂಕೇಶರು ವಾರದ ಸಂಚಿಕೆಯ ಕೆಲಸದಲ್ಲೇ ತೊಡಗಿದ್ದರು. 2000ದ ಜನವರಿ 25ರಂದು ಅವರು ನಿಧನರಾದಾಗ ಪತ್ರಿಕೆಗೆ ಇಪ್ಪತ್ತು ವರ್ಷ ತುಂಬುತ್ತಿತ್ತು. ಇಂಗ್ಲಿಷ್ ಪತ್ರಿಕೋದ್ಯಮದಲ್ಲಿದ್ದ ಮಗಳು ಗೌರಿ ಸಂಪಾದಕತ್ವ ವಹಿಸಿಕೊಂಡರು. ಮಗ ಇಂದ್ರಜಿತ್ ಪ್ರಕಾಶಕರಾದರು. ತಂದೆಯಲ್ಲಿ ಒಂದಾಗಿದ್ದ ಎರಡು ಹೊಣೆಗಳು ಹೀಗೆ ಇಬ್ಬರಿಗೆ ಹಂಚಿಹೋದವು. 2005ರಲ್ಲಿ ಅವರಿಬ್ಬರ ದಾರಿಗಳೂ ಬೇರೆಯಾಗಿ, ಗೌರಿ ತಮ್ಮದೇ ‘ಗೌರಿ ಲಂಕೇಶ್ ಪತ್ರಿಕೆ’ಯನ್ನು ಆರಂಭಿಸಿದರು. ಜಾಹೀರಾತು ಬೇಡವೆಂಬ ತಂದೆಯ ನಿಯಮವನ್ನು ಅವರೂ ಪಾಲಿಸಿದರು. 2017ರ ಸೆಪ್ಟೆಂಬರ್ 5ರ ರಾತ್ರಿ ಬೆಂಗಳೂರಿನ ರಾಜರಾಜೇಶ್ವರಿ ನಗರದ ತಮ್ಮ ಮನೆಯ ಮುಂದೆ ಅವರು ಗುಂಡೇಟಿಗೆ ಬಲಿಯಾದರು.

ಜಾಹೀರಾತಿಲ್ಲದೆ ಪತ್ರಿಕೆಯೊಂದು ಕನ್ನಡದಲ್ಲಿ ಬದುಕಬಲ್ಲುದು ಎಂಬುದನ್ನು ಲಂಕೇಶರ ಎರಡು ದಶಕಗಳು ಸಾಬೀತುಪಡಿಸಿದವು. ಆದರೆ ಬಂಡವಾಳ, ಮಂಡಳಿ, ಸಂಸ್ಥೆ ಇವುಗಳಿಂದ ಬಿಡುಗಡೆ ಪಡೆದ ಪತ್ರಿಕೆ ಅವು ನೀಡುವ ರಕ್ಷಣೆಯನ್ನೂ ಕಳೆದುಕೊಳ್ಳುತ್ತದೆ. ಅದರ ಸ್ವಾತಂತ್ರ್ಯವೂ ಅಪಾಯವೂ ಸಂಪಾದಕನ ಹೆಸರಿನಲ್ಲೇ ಅಚ್ಚಾಗುತ್ತವೆ. ಕನ್ನಡ ವಾರಪತ್ರಿಕೆಗಳ ಚರಿತ್ರೆಯನ್ನು ಬರೆಯುವವರು ಈ ಎರಡನ್ನೂ ಒಟ್ಟಿಗೆ ತೂಗಬೇಕಾಗುತ್ತದೆ.