ಜೀನೋಮಿಕ್ಸ್ ನವೋದ್ಯಮಗಳ ಪೋಷಣೆ

ಜೀವಿಗಳ ಡಿಎನ್‌ಎಯನ್ನು ಇಡಿಯಾಗಿ ಓದಿ, ಆ ಮಾಹಿತಿಯಿಂದ ರೋಗಪತ್ತೆ, ಔಷಧ, ಬೆಳೆ ತಳಿಗಳಿಗೆ ದಾರಿ ಹುಡುಕುವ ಹೊಸ ಕಂಪನಿಗಳಿಗೆ ಆಸರೆಯಾಗುವ ವ್ಯವಸ್ಥೆ. ಇನ್‌ಕ್ಯುಬೇಟರ್‌ಗಳು ವರ್ಷಗಟ್ಟಲೆ ಜಾಗ, ಸಲಕರಣೆ ಕೊಟ್ಟು ಸಲಹುತ್ತವೆ. ಆಕ್ಸಿಲರೇಟರ್‌ಗಳು ಕೆಲವು ಕಂಪನಿಗಳನ್ನು ಆರಿಸಿಕೊಂಡು, ಕೆಲವೇ ತಿಂಗಳಲ್ಲಿ ಹೂಡಿಕೆದಾರರ ಎದುರು ನಿಲ್ಲುವಂತೆ ಸಿದ್ಧಪಡಿಸುತ್ತವೆ.

ಅಮೆರಿಕದ ಬಟಾವಿಯಾ ಪಟ್ಟಣದಲ್ಲಿ 1959ರಲ್ಲಿ ತೆರೆದ ಕೈಗಾರಿಕಾ ಕೇಂದ್ರವನ್ನು ಮೊದಲ ಇನ್‌ಕ್ಯುಬೇಟರ್ ಎನ್ನುತ್ತಾರೆ. 2005ರಲ್ಲಿ ಬಂದ ವೈ ಕಾಂಬಿನೇಟರ್ ಆಕ್ಸಿಲರೇಟರ್ ಮಾದರಿಯನ್ನು ರೂಪಿಸಿತು. ಸಾಫ್ಟ್‌ವೇರ್‌ಗೆ ಒಪ್ಪಿದ ಆ ಮಾದರಿ ಜೀನೋಮಿಕ್ಸ್‌ಗೆ ಸಾಲಲಿಲ್ಲ. ಇಲ್ಲಿ ದೊಡ್ಡ ತಡೆ ಡಿಎನ್‌ಎ ಓದುವ ಯಂತ್ರದ ಬೆಲೆ. ಒಬ್ಬ ಮನುಷ್ಯನ ಜೀನೋಮ್, ಅಂದರೆ ಇಡೀ ಡಿಎನ್‌ಎ, ಓದಲು 2001ರಲ್ಲಿ ಸುಮಾರು 10 ಕೋಟಿ ಡಾಲರ್ ಬೇಕಿತ್ತು. 2014ರ ಜನವರಿಯಲ್ಲಿ ಇಂಥ ಯಂತ್ರಗಳನ್ನು ತಯಾರಿಸುವ ಇಲ್ಯುಮಿನಾ ಕಂಪನಿ ಆ ವೆಚ್ಚವನ್ನು 1,000 ಡಾಲರಿಗೆ ಇಳಿಸುವುದಾಗಿ ಸಾರಿತು. ಆದರೆ ಅದಕ್ಕೆ ಬೇಕಾದ ಹತ್ತು ಯಂತ್ರಗಳ ಗುಚ್ಛಕ್ಕೆ ಕನಿಷ್ಠ 1 ಕೋಟಿ ಡಾಲರ್! ಓದು ಅಗ್ಗವಾಯಿತು, ಯಂತ್ರ ಮಾತ್ರ ಕೈಗೆಟುಕಲಿಲ್ಲ.

ಅದೇ ವರ್ಷ ಇಲ್ಯುಮಿನಾ ಸ್ಯಾನ್‌ಫ್ರಾನ್ಸಿಸ್ಕೊ ಪ್ರದೇಶದಲ್ಲಿ ಜೀನೋಮಿಕ್ಸ್‌ಗೆಂದೇ ಆಕ್ಸಿಲರೇಟರ್ ಆರಂಭಿಸಿತು. ಆಯ್ಕೆಯಾದವರಿಗೆ ಆರು ತಿಂಗಳು ಪ್ರಯೋಗಾಲಯ, ಸೀಕ್ವೆನ್ಸಿಂಗ್ (ಡಿಎನ್‌ಎ ಓದುವ) ಯಂತ್ರ, ರಾಸಾಯನಿಕಗಳು, ಬೀಜ ಬಂಡವಾಳ ದೊರೆಯುತ್ತಿದ್ದವು. ಮುಂದೆ ಬ್ರಿಟನ್ನಿನ ಕೇಂಬ್ರಿಜ್‌ನಲ್ಲೂ ಇದು ತೆರೆಯಿತು. ಯಂತ್ರ ಮಾರುವವರೇ ಪೋಷಕರಾದಾಗ, ಬೆಳೆದ ಕಂಪನಿಗಳು ಅವರದೇ ಗ್ರಾಹಕರಾಗುತ್ತವೆ ಎಂಬುದನ್ನು ಮರೆಯಬಾರದು.

ಬೆಂಗಳೂರು ಬೇರೆ ದಾರಿ ಹಿಡಿಯಿತು. ಭಾರತೀಯ ವಿಜ್ಞಾನ ಸಂಸ್ಥೆಯ ನಾಲ್ವರು ಪ್ರಾಧ್ಯಾಪಕರು 2000ದಲ್ಲಿ ಸ್ಟ್ರ್ಯಾಂಡ್ ಎಂಬ ಜೀನೋಮಿಕ್ಸ್ ಕಂಪನಿ ಕಟ್ಟಿದಾಗ ಇಂಥ ಆಸರೆ ಇಲ್ಲಿರಲಿಲ್ಲ. ಅವರು ಮೊದಲು ನೆಚ್ಚಿದ್ದು ಸಾಫ್ಟ್‌ವೇರನ್ನು. 2009ರಲ್ಲಿ ಕೇಂದ್ರದ ಜೈವಿಕ ತಂತ್ರಜ್ಞಾನ ಇಲಾಖೆ ಕೃಷಿ ವಿಶ್ವವಿದ್ಯಾಲಯದ ಜಿಕೆವಿಕೆ ಆವರಣದಲ್ಲಿ ಸಿ-ಕ್ಯಾಂಪ್ ಎಂಬ ಕೇಂದ್ರ ಸ್ಥಾಪಿಸಿತು. ಅಲ್ಲಿ ಶುಲ್ಕ ಕೊಟ್ಟು ಯಾರು ಬೇಕಾದರೂ ಸೀಕ್ವೆನ್ಸಿಂಗ್ ಮಾಡಿಸಬಹುದಿತ್ತು. ಯಂತ್ರ ಕೊಳ್ಳದೆಯೇ ಕಂಪನಿ ಆರಂಭಿಸಲು ಇದು ಅನುವಾಯಿತು. ಅದೇ ಇಲಾಖೆಯಡಿ 2012ರಲ್ಲಿ ಹುಟ್ಟಿದ ಬೈರಾಕ್ ಸಂಸ್ಥೆ, 'ಬಿಗ್' ಯೋಜನೆಯಡಿ ಇನ್ನೂ ಆಲೋಚನೆಯ ಹಂತದಲ್ಲಿರುವವರಿಗೂ ₹50 ಲಕ್ಷದವರೆಗೆ ಅನುದಾನ ಕೊಡತೊಡಗಿತು. ಸರ್ಕಾರದ ಈ ಹಣ ಇಲ್ಲದಿದ್ದರೆ ಎಷ್ಟೋ ಪ್ರಯತ್ನಗಳು ಮೊದಲ ಪ್ರಯೋಗವನ್ನೂ ಕಾಣುತ್ತಿರಲಿಲ್ಲ.

ಯಂತ್ರ, ಹಣ ಒದಗಿದ ಮೇಲೂ ಉಳಿಯುವ ಕಷ್ಟ ರೋಗಿಗಳ ರಕ್ತ, ಅಂಗಾಂಶದಂಥ ಮಾದರಿಗಳದು. ಪರೀಕ್ಷೆಯೊಂದು ನಂಬಿಕೆಗೆ ಅರ್ಹವೆಂದು ತೋರಿಸಲು ಆಸ್ಪತ್ರೆಯ ಸಹಕಾರ, ನೈತಿಕ ಸಮಿತಿಯ ಅನುಮೋದನೆ, ರೋಗಿಯ ಒಪ್ಪಿಗೆ ಬೇಕು. ಆರು ತಿಂಗಳ ಆಕ್ಸಿಲರೇಟರ್ ಶಿಬಿರದಲ್ಲಿ ಇವೆಲ್ಲ ಮುಗಿಯುವಂಥದ್ದಲ್ಲ. ಹಾಗಾಗಿ ಆಸ್ಪತ್ರೆಗಳೊಡನೆ ಗಟ್ಟಿ ನಂಟಿರುವ ಇನ್‌ಕ್ಯುಬೇಟರ್‌ಗಳೇ ಈ ಕ್ಷೇತ್ರಕ್ಕೆ ಹೆಚ್ಚು ಒದಗುತ್ತವೆ.