ಹಲಗಲಿಯಿಂದ ಬಸ್ರಾದವರೆಗೆ: ಹೆಸರು ಉಳಿದವರು, ಹೆಸರು ಅಳಿದವರು

ಹಲಗಲಿಯ ಹೆಸರು ಕೇಳದವರು ನಮ್ಮ ಬಾಗಲಕೋಟೆ ಜಿಲ್ಲೆಯಲ್ಲಿ ಇಲ್ಲವೆಂದೇ ಹೇಳಬೇಕು. 1857ರಲ್ಲಿ ಕಂಪನಿ ಸರಕಾರವು ಜನರು ತಮ್ಮಲ್ಲಿರುವ ಆಯುಧಗಳನ್ನು ಒಪ್ಪಿಸಬೇಕೆಂದು ಕಾನೂನು ತಂದಿತು. ಆಗ ಮುಧೋಳ ಸಂಸ್ಥಾನದಲ್ಲಿದ್ದ ಹಲಗಲಿಯ ಬೇಡರು ಅದನ್ನು ಒಪ್ಪಲಿಲ್ಲ. ನವೆಂಬರ್ ಕೊನೆಯಲ್ಲಿ ಸೈನ್ಯ ಬಂದು ಊರಿಗೆ ಬೆಂಕಿ ಹಚ್ಚಿತು. ಡಿಸೆಂಬರ್‌ನಲ್ಲಿ 19 ಮಂದಿಯನ್ನು ಗಲ್ಲಿಗೇರಿಸಲಾಯಿತು. ಆ ಬಡ ಬೇಡರು ಸೋತರು, ಸತ್ತರು. ಆದರೆ ಜಡಗ, ಬಾಲ, ಹನುಮ, ರಾಮ ಎಂಬ ಹೆಸರುಗಳು ಇಂದಿಗೂ ನಮ್ಮ ಜನರ ಬಾಯಲ್ಲಿವೆ. ಊರವರು ಲಾವಣಿ ಕಟ್ಟಿ ಹಾಡಿದ್ದರಿಂದ ಅವರ ಹೆಸರು ಉಳಿಯಿತು.

ಕಂಪನಿ ಹೋಗಿ ರಾಣಿಯ ಆಳಿಕೆ ಬಂತು. ಹಲಗಲಿಯ ಘಟನೆ ನಡೆದು 57 ವರ್ಷಗಳಾದ ಮೇಲೆ, 1914ರಲ್ಲಿ, ಅದೇ ಬ್ರಿಟಿಷ್ ಸರಕಾರ ಜನರ ಕೈಗೆ ಬಂದೂಕು ಕೊಡಲು ತಾನೇ ಮುಂದೆ ಬಂತು. ಅಂದು ಕಸಿದುಕೊಂಡದ್ದನ್ನು ಇಂದು ಕೊಡುತ್ತಿತ್ತು, ಆದರೆ ತನ್ನ ಯುದ್ಧಕ್ಕಾಗಿ. ಆ ಬಂದೂಕು ಹಿಡಿದು ಹೋಗಿ ತಿರುಗಿ ಬಾರದವರ ಕುರಿತು ನಾವು ಲಾವಣಿ ಕಟ್ಟಲಿಲ್ಲ. ಅವರ ಕಥೆಯನ್ನು ಇಲ್ಲಿ ನೆನೆಯಲು ಬಯಸುತ್ತೇವೆ.

ಆಗ ಬಾಗಲಕೋಟೆ, ಬಾದಾಮಿ, ಹುನಗುಂದ ತಾಲೂಕುಗಳು ಮುಂಬೈ ಇಲಾಖೆಯ ಬಿಜಾಪುರ ಜಿಲ್ಲೆಯಲ್ಲಿದ್ದವು. ಅದಕ್ಕೂ ಮೊದಲು ಈ ಜಿಲ್ಲೆಯ ಹೆಸರು ಕಲಾದಗಿ ಎಂದಿತ್ತು. 1876ರಿಂದ 1878ರವರೆಗಿನ ಮಹಾ ಬರದಲ್ಲಿ ಈ ಸೀಮೆ ನಲುಗಿ ಹೋಗಿತ್ತು. ಮಳೆ ನಂಬಿ ಜೋಳ ಬಿತ್ತುವ ನಾಡಿನಲ್ಲಿ, ಮಳೆ ಬಾರದ ವರ್ಷ ಪಗಾರದ ಕೆಲಸಕ್ಕೆ ಬೇರೆಯೇ ಬೆಲೆ. ಸಿಪಾಯಿಗೆ ತಿಂಗಳಿಗೆ 11 ರೂಪಾಯಿ ಸಂಬಳ. ಅದು ಹೆಚ್ಚೇನೂ ಅಲ್ಲ, ಆದರೆ ಖಚಿತವಾಗಿತ್ತು.

ಮುಂಬೈ ಇಲಾಖೆಯ ಮರಾಠಾ ಪಲ್ಟನ್‌ಗಳ ಹೆಸರು ಕೇಳಿದವರು ಅವುಗಳಲ್ಲಿ ಮರಾಠರು ಮಾತ್ರ ಇದ್ದರೆಂದು ತಿಳಿಯುವುದುಂಟು. ಹಾಗಿರಲಿಲ್ಲ. 'ದಖ್ಖನಿ ಮುಸಲ್ಮಾನ' ಎಂಬುದು ಆ ಸೈನ್ಯದ ದಾಖಲೆಗಳಲ್ಲಿ ಒಂದು ಪ್ರತ್ಯೇಕ ವರ್ಗವಾಗಿತ್ತು. ದಖ್ಖನಿನ ಮುಸ್ಲಿಮರ ಕಂಪನಿಗಳು ಮರಾಠರ ಕಂಪನಿಗಳ ಜೊತೆಗೇ ಒಂದೇ ಪಲ್ಟನ್ನಿನಲ್ಲಿ ಇರುತ್ತಿದ್ದವು. ಒಂದೇ ಬಾವಿಯ ನೀರು ಕುಡಿದು ಬೆಳೆದ ಎರಡು ಸಮುದಾಯಗಳ ಮಕ್ಕಳು ಒಂದೇ ಕಂದಕದಲ್ಲಿ ಕುಳಿತರು. ಈಗ ಬೆಳಗಾವಿಯಲ್ಲಿರುವ ಮರಾಠಾ ಲಘು ಪದಾತಿ ದಳದ ಕೇಂದ್ರ ಈ ಪಲ್ಟನ್‌ಗಳ ವಾರಸುದಾರ.

1914ರ ನವೆಂಬರ್‌ನಲ್ಲಿ ಬ್ರಿಟನ್ ತುರ್ಕಿಯ ಮೇಲೆ ಯುದ್ಧ ಸಾರಿತು. ಪುಣೆಯ ಆರನೇ ಡಿವಿಜನ್ ಇರಾಕಿನ ಕಡಲ ದಡದಲ್ಲಿ ಇಳಿಯಿತು. ಪಕ್ಕದ ಇರಾನಿನ ಅಬಾದಾನಿನಲ್ಲಿ ಬ್ರಿಟಿಷರ ಎಣ್ಣೆ ಕಾರ್ಖಾನೆ ಇತ್ತು, ಅದರ ಕಾವಲು ಮೊದಲ ಕಾರಣ. ಬಸ್ರಾ ಬೇಗ ಕೈವಶವಾಯಿತು. ಬಸ್ರಾ ಸಿಕ್ಕ ಮೇಲೆ ಬಗ್ದಾದಿನ ಆಸೆ ಹುಟ್ಟಿತು. 103, 110 ಮತ್ತು 117ನೇ ಮರಾಠಾ ಪಲ್ಟನ್‌ಗಳು ಟೈಗ್ರಿಸ್ ನದಿಗುಂಟ ಮೇಲಕ್ಕೆ ನಡೆದವು.

ಇಲ್ಲಿ ಮುಸ್ಲಿಂ ಸಿಪಾಯಿಯ ಮನಸ್ಸಿನಲ್ಲಿ ಏನು ನಡೆದಿರಬಹುದು ಎಂಬುದನ್ನು ಸ್ವಲ್ಪ ಯೋಚಿಸೋಣ. ಎದುರಿಗೆ ಇದ್ದದ್ದು ಖಲೀಫರ ಸೈನ್ಯ. ಕಾಲಿನ ಕೆಳಗಿದ್ದದ್ದು ಅವನು ಮದರಸಾದಲ್ಲಿ ಹೆಸರು ಕೇಳಿ ಬೆಳೆದ ನಾಡು. ಬಗ್ದಾದ್, ಕರ್ಬಲಾ, ನಜಫ್ ಎಲ್ಲವೂ ಅಲ್ಲಿದ್ದವು. ಪವಿತ್ರ ಸ್ಥಳಗಳಿಗೆ ಧಕ್ಕೆ ತರುವುದಿಲ್ಲವೆಂದು ಸರಕಾರ ಯುದ್ಧದ ಆರಂಭದಲ್ಲೇ ಘೋಷಿಸಿತ್ತು. ಆದರೂ 1915ರ ನವೆಂಬರ್‌ನಲ್ಲಿ ದೊಡ್ಡ ಕದನ ನಡೆದದ್ದು ಸಲ್ಮಾನ್ ಪಾಕ್‌ನಲ್ಲಿ, ಹಝ್ರತ್ ಸಲ್ಮಾನ್ ಫಾರ್ಸಿ (ರ) ಅವರ ಸಮಾಧಿಯ ಬಳಿಯಲ್ಲಿ. ಬ್ರಿಟಿಷರ ಇತಿಹಾಸದಲ್ಲಿ ಅದರ ಹೆಸರು ಟೆಸಿಫನ್ ಕದನ. ಮದೀನಾದ ರಕ್ಷಣೆಗೆ ಕಂದಕ ತೋಡುವ ಸಲಹೆ ಕೊಟ್ಟ ಸಹಾಬಿಯ ಸಮಾಧಿಯ ಸುತ್ತ ಮುಸ್ಲಿಮರು ಎರಡೂ ಕಡೆ ಕಂದಕದಲ್ಲಿ ಕುಳಿತು ಒಬ್ಬರನ್ನೊಬ್ಬರು ಕೊಂದರು.

ಎಲ್ಲರೂ ಸುಮ್ಮನೆ ಹೋಗಲಿಲ್ಲ. 1915ರ ಫೆಬ್ರವರಿಯಲ್ಲಿ ಸಿಂಗಪುರದಲ್ಲಿ ಐದನೇ ಪದಾತಿ ದಳದ ಮುಸ್ಲಿಂ ಸಿಪಾಯಿಗಳು ದಂಗೆ ಎದ್ದರು. ತಮ್ಮನ್ನು ತುರ್ಕರ ವಿರುದ್ಧ ಕಳಿಸುತ್ತಾರೆಂಬ ಸುದ್ದಿ ಅವರಲ್ಲಿ ಹಬ್ಬಿತ್ತು. 47 ಮಂದಿಯನ್ನು ಜನರೆದುರಿಗೇ ಗೋಡೆಗೆ ನಿಲ್ಲಿಸಿ ಗುಂಡಿಕ್ಕಲಾಯಿತು. ಬಸ್ರಾದಲ್ಲಿ 15ನೇ ಲ್ಯಾನ್ಸರ್ಸ್ ದಳದವರು ಮುಂದೆ ನಡೆಯಲು ನಿರಾಕರಿಸಿ ಶಿಕ್ಷೆ ಅನುಭವಿಸಿದರು. ಉಳಿದವರು ಉಪ್ಪಿನ ಋಣಕ್ಕೋ, ಹೆದರಿಕೆಗೋ, ಊರಿನ ಮಕ್ಕಳ ಹೊಟ್ಟೆಗೋ ಮುಂದೆ ನಡೆದರು. ಹೋದವರನ್ನು ದ್ರೋಹಿಗಳೆಂದಾಗಲಿ ನಿರಾಕರಿಸಿದವರನ್ನು ಹೇಡಿಗಳೆಂದಾಗಲಿ ಕರೆಯುವ ಅವಸರ ನಮಗೆ ಬೇಡ. ಯುದ್ಧವನ್ನು ನಿಶ್ಚಯಿಸಿದವರು ಇವರಿಬ್ಬರಲ್ಲಿ ಒಬ್ಬರೂ ಅಲ್ಲ. ಅಂತರಂಗದ ಲೆಕ್ಕ ಅಲ್ಲಾಹನಿಗೆ ಸೇರಿದ್ದು.

ಸಲ್ಮಾನ್ ಪಾಕ್‌ನಿಂದ ಹಿಂದೆ ಸರಿದ ಸೈನ್ಯ ಕೂತ್ ಎಂಬ ಊರಿನಲ್ಲಿ ಸಿಕ್ಕಿಬಿದ್ದಿತು. 1915ರ ಡಿಸೆಂಬರ್ 7ರಿಂದ 1916ರ ಏಪ್ರಿಲ್ 29ರವರೆಗೆ ತುರ್ಕರ ಮುತ್ತಿಗೆ. ಮೇಲೆ ಹೇಳಿದ ಮೂರೂ ಮರಾಠಾ ಪಲ್ಟನ್‌ಗಳು ಆ ಊರೊಳಗಿದ್ದವು. ಧಾನ್ಯ ಮುಗಿಯುತ್ತ ಬಂದಾಗ ಕುದುರೆಗಳನ್ನು ಕಡಿಯತೊಡಗಿದರು. ಹಿಂದೂ ಮತ್ತು ಮುಸ್ಲಿಂ ಸಿಪಾಯಿಗಳಲ್ಲಿ ಹೆಚ್ಚಿನವರು ಆ ಮಾಂಸವನ್ನು ಬಹಳ ದಿನ ಮುಟ್ಟಲಿಲ್ಲ. ಭಾರತದಿಂದ ಧರ್ಮಗುರುಗಳ ಅನುಮತಿಯನ್ನು ತರಿಸಿ ತೋರಿಸಿದರೂ ಹಿಂಜರಿದರು. ತಿಂದವನನ್ನು ಊರು ಏನೆಂದೀತು ಎಂಬ ಭಯ ಅವರಿಗೆ ಹಸಿವೆಗಿಂತ ದೊಡ್ಡದಾಗಿತ್ತು. ವಸಡು ಕೊಳೆತು ರಕ್ತ ಸುರಿಯುವ ರೋಗ ಅವರಲ್ಲಿ ಹರಡಿತು. ಬಿಡಿಸಲು ಬಂದ ಸೈನ್ಯ ಸತ್ತವರು ಗಾಯಗೊಂಡವರು ಸೇರಿ ಸುಮಾರು 23,000 ಮಂದಿಯನ್ನು ಕಳೆದುಕೊಂಡು ನಿಂತಿತು.

ಕೊನೆಗೆ ಸುಮಾರು 13,000 ಮಂದಿ ಶರಣಾದರು. ಅವರಲ್ಲಿ ಹತ್ತು ಸಾವಿರದಷ್ಟು ಮಂದಿ ಭಾರತದ ಸಿಪಾಯಿಗಳು ಹಾಗೂ ಅಡುಗೆ, ನೀರು, ಹೇಸರಗತ್ತೆಯ ಕೆಲಸದವರು. ಬಿಸಿಲಿನಲ್ಲಿ ನೂರಾರು ಮೈಲಿ ನಡೆಸಿ, ರಾಸ್ ಅಲ್-ಐನ್ ಎಂಬಲ್ಲಿ ರೈಲು ಹಳಿ ಹಾಕುವ ದುಡಿಮೆಗೆ ಹಚ್ಚಿದರು. ಬ್ರಿಟಿಷ್ ಸಿಪಾಯಿಗಳಲ್ಲಿ ಮೂರನೇ ಎರಡು ಪಾಲು ಸೆರೆಯಲ್ಲೇ ಸತ್ತರು. ಭಾರತೀಯರಲ್ಲಿ ನಾಲ್ಕನೇ ಒಂದು ಪಾಲಿಗೂ ಹೆಚ್ಚು ಮಂದಿ ತಿರುಗಿ ಬರಲಿಲ್ಲ. ಕೂತ್ ಊರಿನ ಸುಮಾರು 6,000 ಅರಬರು ಮುತ್ತಿಗೆಯ ಉದ್ದಕ್ಕೂ ಗುಂಡಿನ ನಡುವೆಯೇ ಇದ್ದರು. ಬ್ರಿಟಿಷರಿಗೆ ನೆರವಾದಿರೆಂದು ಅವರಲ್ಲಿ ಕೆಲವರನ್ನು ತುರ್ಕರು ಗಲ್ಲಿಗೇರಿಸಿದರು. ಬೇಕೆಂದು ಯಾರೂ ಕರೆಯದ ಯುದ್ಧ ಅವರ ಅಂಗಳಕ್ಕೆ ಬಂದಿತ್ತು.

ಸೆರೆಯಾಳಿಗೆ ಉಣಿಸುವುದನ್ನು ಪವಿತ್ರ ಕುರ್‌ಆನ್ ಸಜ್ಜನರ ಗುಣವೆಂದು ಹೊಗಳಿದೆ. ಬದ್ರ್‌ನ ಕೈದಿಗಳಿಗೆ ರೊಟ್ಟಿ ಕೊಟ್ಟು ಸಹಾಬಿಗಳು ತಾವು ಖರ್ಜೂರ ತಿಂದರು. ಓದು ಬಲ್ಲ ಕೈದಿಗಳು ಮದೀನಾದ ಮಕ್ಕಳಿಗೆ ಅಕ್ಷರ ಕಲಿಸಿ ಬಿಡುಗಡೆ ಪಡೆದರು. ಹಝ್ರತ್ ಅಬೂಬಕರ್ (ರ) ಅವರು ಸೈನ್ಯವನ್ನು ಕಳಿಸುವಾಗ ಹೆಂಗಸರು, ಮಕ್ಕಳು, ಮುದುಕರನ್ನು ಮುಟ್ಟಬೇಡಿ, ಫಲ ಬಿಡುವ ಮರ ಕಡಿಯಬೇಡಿ ಎಂದು ಕಟ್ಟಪ್ಪಣೆ ಮಾಡಿದ್ದರು. ಈ ಅಳತೆಗೋಲನ್ನು ಬ್ರಿಟಿಷರಿಗೆ ಹಿಡಿಯುವಂತೆಯೇ ರಾಸ್ ಅಲ್-ಐನ್‌ನ ಕಾವಲುಗಾರರಿಗೂ ಹಿಡಿಯಬೇಕು. ಖಲೀಫರ ಸೈನ್ಯ ಎಂಬ ಕಾರಣಕ್ಕೆ ಆ ನಡಿಗೆಯಲ್ಲಿ ಸತ್ತವರ ಲೆಕ್ಕ ಕಡಿಮೆಯಾಗದು.

ಊರಲ್ಲಿ ಉಳಿದವರ ಪಾಡು ಇನ್ನೊಂದು. ಸತ್ತ ಸುದ್ದಿ ಬಂದರೆ ಅತ್ತು ಇದ್ದತ್ ಮುಗಿಸಿ ಹೇಗೋ ಬದುಕು ಸಾಗಿಸಬಹುದು. 'ಕಾಣೆಯಾಗಿದ್ದಾನೆ' ಎಂಬ ಸುದ್ದಿ ಬಂದರೆ? ನಮ್ಮ ಫಿಕ್ಹ್‌ನಲ್ಲಿ ಇಂಥ ಗಂಡನಿಗೆ ಮಫ್ಕೂದ್ ಎನ್ನುತ್ತಾರೆ. ಹನಫಿ ಪಂಥದ ಹಳೆಯ ಮತದಂತೆ, ಅವನ ಓರಗೆಯವರು ತೀರಿಕೊಳ್ಳುವಷ್ಟು ಕಾಲ ಹೆಂಡತಿ ಕಾಯಬೇಕು. ಹದಿನೆಂಟರ ಹೆಣ್ಣುಮಗಳಿಗೆ ಅದು ಇಡೀ ಆಯುಷ್ಯ. ಮಾಲಿಕಿ ಪಂಥ ನಾಲ್ಕು ವರ್ಷ ಎನ್ನುತ್ತದೆ. ಇಂಥ ಹೆಣ್ಣುಮಕ್ಕಳ ಸಂಕಟವನ್ನು ಕಂಡೇ ಮೌಲಾನಾ ಅಶ್ರಫ್ ಅಲಿ ಥಾನವಿ ಅವರು 1930ರ ದಶಕದ ಆರಂಭದಲ್ಲಿ ಮಾಲಿಕಿ ಮತವನ್ನು ಅನುಸರಿಸಲು ದಾರಿ ತೋರಿಸಿದರು. 1939ರ ಮುಸ್ಲಿಂ ವಿವಾಹ ವಿಸರ್ಜನಾ ಕಾನೂನು, ಗಂಡನ ಪತ್ತೆ ನಾಲ್ಕು ವರ್ಷ ಇಲ್ಲದಿದ್ದರೆ ಹೆಂಡತಿ ನ್ಯಾಯಾಲಯಕ್ಕೆ ಹೋಗಬಹುದೆಂದಿತು. ಈ ಕಾನೂನು ಫೌಜಿಗಳ ಹೆಂಡಂದಿರಿಗೆಂದೇ ಬಂದದ್ದಲ್ಲ. ಆದರೆ ಮಹಾಯುದ್ಧದಲ್ಲಿ ಗಂಡ ಕಾಣೆಯಾದವಳ ಪಾಲಿಗೆ ಅದು 20 ವರ್ಷಕ್ಕೂ ಹೆಚ್ಚು ತಡವಾಗಿ ಬಂತು.

ಫೌಜಿಗೆ ಯಾರೂ ಹೋಗದ ಮನೆಗಳನ್ನೂ ಯುದ್ಧ ಬಿಡಲಿಲ್ಲ. ಭಾರತಕ್ಕೆ ಬರುತ್ತಿದ್ದ ರಾಸಾಯನಿಕ ಬಣ್ಣ ಬಹುಪಾಲು ಜರ್ಮನಿಯದು. ಯುದ್ಧ ಶುರುವಾದೊಡನೆ ಅದು ನಿಂತಿತು. ಇಳಕಲ್ಲ, ಗುಳೇದಗುಡ್ಡದಂಥ ಮಗ್ಗದ ಊರುಗಳಿಗೆ ಬಣ್ಣದ ನೂಲಿನ ಬೆಲೆ ಎಂದರೆ ಅನ್ನದ ಬೆಲೆ. ಕಾಳು, ಬಟ್ಟೆ, ಉಪ್ಪು, ಸೀಮೆಎಣ್ಣೆ ಎಲ್ಲವೂ ತುಟ್ಟಿಯಾದವು. 1918ರ ಬೇಸಿಗೆ ಮುಗಿಯುವಾಗ ಸೈನಿಕರ ಹಡಗುಗಳ ಜೊತೆ ಮುಂಬೈ ಬಂದರಿಗೆ ಹೊಸ ಜ್ವರ ಬಂತು. ಸಿಪಾಯಿಗಳು ಊರಿಗೆ ಮರಳುವ ರೈಲು ಹಳಿಗುಂಟವೇ ಅದೂ ಒಳನಾಡಿಗೆ ನಡೆಯಿತು. ಹೋಟಗಿಯಿಂದ ಬಿಜಾಪುರ, ಬಾಗಲಕೋಟೆ, ಬಾದಾಮಿಯ ಮೇಲೆ ಗದಗಿಗೆ ಹೋಗುವ ರೈಲು ಆಗಲೇ ಇತ್ತು. ಅದೇ ವರ್ಷ ಮಳೆಯೂ ಕೈಕೊಟ್ಟಿತು. ಇಡೀ ದೇಶದಲ್ಲಿ ಆ ಜ್ವರಕ್ಕೆ ಸತ್ತವರು ಕೋಟಿಗೂ ಹೆಚ್ಚು. ಆ ಮಹಾಯುದ್ಧದಲ್ಲಿ ಸತ್ತ ಭಾರತೀಯ ಯೋಧರು 74,000ಕ್ಕೂ ಹೆಚ್ಚು. ಎರಡು ಸಂಖ್ಯೆಗಳನ್ನು ಪಕ್ಕಪಕ್ಕದಲ್ಲಿ ಇಟ್ಟು ನೋಡಿದರೆ ಯುದ್ಧದ ಕರ ಯಾರು ತೆತ್ತರೆಂದು ತಿಳಿಯುತ್ತದೆ. ಜನಗಣತಿ ಶುರುವಾದ ಮೇಲೆ ನಮ್ಮ ದೇಶದ ಜನಸಂಖ್ಯೆ ಹೆಚ್ಚುವ ಬದಲು ಕುಗ್ಗಿದ್ದು ಒಂದೇ ದಶಕದಲ್ಲಿ, 1911ರಿಂದ 1921ರವರೆಗೆ.

ಇನ್ನು ಹೆಸರಿನ ಮಾತು. ಇರಾಕಿನಲ್ಲಿ ಸತ್ತು ಗೋರಿ ಕಾಣದ 40,000ಕ್ಕೂ ಹೆಚ್ಚು ಮಂದಿಯ ನೆನಪಿಗೆ ಬ್ರಿಟಿಷರು ಬಸ್ರಾದಲ್ಲಿ ಸ್ಮಾರಕ ಕಟ್ಟಿ 1929ರಲ್ಲಿ ತೆರೆದರು. 1997ರಲ್ಲಿ ಸದ್ದಾಂ ಹುಸೇನ್ ಸರಕಾರ ಅದನ್ನು ನಾಸಿರಿಯಾ ರಸ್ತೆಗೆ ಸಾಗಿಸಿತು. ಅದರ ಗೋಡೆಗಳಲ್ಲಿ ಬ್ರಿಟಿಷ್ ಸಿಪಾಯಿಯ ಹೆಸರು ಇದೆ. ಭಾರತೀಯ ಅಧಿಕಾರಿಗಳ ಹೆಸರೂ ಇದೆ. ಸಾಮಾನ್ಯ ಭಾರತೀಯ ಸಿಪಾಯಿಗೆ ಮಾತ್ರ ಹೆಸರಿಲ್ಲ. ಪಲ್ಟನ್ನಿನ ಹೆಸರು ಬರೆದು, ಅದರ ಕೆಳಗೆ 'ಮತ್ತು ಇಷ್ಟು ಮಂದಿ' ಎಂದು ಒಂದು ಸಂಖ್ಯೆ ಕೆತ್ತಿದ್ದಾರೆ. ಅಲ್ಲಿ ಮರಾಠನೂ ಮುಸಲ್ಮಾನನೂ ಒಂದೇ ಸಂಖ್ಯೆಯೊಳಗೆ ಕರಗಿ ಹೋಗಿದ್ದಾರೆ. 2021ರ ಏಪ್ರಿಲ್‌ನಲ್ಲಿ ಕಾಮನ್‌ವೆಲ್ತ್ ಯುದ್ಧ ಸಮಾಧಿ ಆಯೋಗವೇ ತನ್ನ ವರದಿಯಲ್ಲಿ ಇದನ್ನು ಒಪ್ಪಿಕೊಂಡು ಕ್ಷಮೆ ಕೇಳಿತು. ಆಫ್ರಿಕಾ ಮತ್ತು ಏಷ್ಯಾದ ಕನಿಷ್ಠ 1,16,000 ಮಂದಿಯನ್ನು, ಬಹುಶಃ 3,50,000ದಷ್ಟು ಮಂದಿಯನ್ನು, ಹೆಸರಿಟ್ಟು ಸ್ಮರಿಸಿಯೇ ಇಲ್ಲವೆಂದೂ ಇದಕ್ಕೆ ಜನಾಂಗ ಭೇದವೇ ಕಾರಣವೆಂದೂ ಆ ವರದಿ ಹೇಳಿತು. ಬಿಟ್ಟುಹೋದ ಹೆಸರುಗಳನ್ನು ಹುಡುಕುವುದಾಗಿ ಮಾತು ಕೊಟ್ಟಿತು.

ಆಯೋಗದ ತಪ್ಪನ್ನು ಆಯೋಗ ತಿದ್ದಲಿ. ನಮ್ಮ ಪಾಲಿನ ಕೆಲಸವನ್ನು ಬ್ರಿಟನ್ನಿನಲ್ಲಿ ಕುಳಿತವರು ಮಾಡಲಾರರು. ಹಲಗಲಿಯ ಹೆಸರುಗಳನ್ನು ಊರೇ ಉಳಿಸಿಕೊಂಡಿತು. ಫೌಜಿಗೆ ಹೋದವರ ಹೆಸರನ್ನೂ ಊರೇ ಉಳಿಸಿಕೊಳ್ಳಬೇಕು.

ಆದ್ದರಿಂದ ಪ್ರಿಯ ಓದುಗರಲ್ಲಿ ನಮ್ಮದೊಂದು ಕೋರಿಕೆ. ನಿಮ್ಮ ಮನೆಯ ಹಿರಿಯರನ್ನು ಕೇಳಿ: ಅಜ್ಜನ ಅಪ್ಪನೋ, ಅವರ ಅಣ್ಣತಮ್ಮಂದಿರೋ 'ಬಸ್ರಾಕ್ಕೆ ಹೋಗಿದ್ದರು', 'ಲಾಮ್‌ಗೆ ಹೋಗಿದ್ದರು' ಎಂಬ ಮಾತು ಎಂದಾದರೂ ಬಂದಿತ್ತೇ? ಹಳೆಯ ಟ್ರಂಕಿನಲ್ಲಿ ಪಿಂಚಣಿ ಕಾಗದ ಇದೆಯೇ? ರಾಜನ ಮುಖವಿರುವ, ರೂಪಾಯಿಗಿಂತ ದೊಡ್ಡದಾದ ಬೆಳ್ಳಿಯ ಪದಕ ಇದ್ದರೆ ಅದರ ಅಂಚನ್ನು ಬೆಳಕಿಗೆ ಹಿಡಿದು ನೋಡಿ. ಆ ಯುದ್ಧದ ಪದಕಗಳ ಅಂಚಿನಲ್ಲಿ ಸಿಪಾಯಿಯ ನಂಬರು, ಹೆಸರು, ಪಲ್ಟನ್ ಕೊರೆದಿರುತ್ತಾರೆ. ಎಷ್ಟೋ ಮನೆಗಳಲ್ಲಿ ಬರಗಾಲಕ್ಕೆ ಅಕ್ಕಸಾಲಿಗನ ಮೂಸೆಯಲ್ಲಿ ಕರಗಿದ್ದು ಬೆಳ್ಳಿಯಷ್ಟೇ ಅಲ್ಲ, ಮನೆಯವನ ಹೆಸರೂ ಕೂಡ.

ಸಿಕ್ಕಿದ್ದನ್ನು ಜಮಾಅತಿನ ದಫ್ತರದಲ್ಲಿ ಒಂದು ಪುಟ ಮೀಸಲಿಟ್ಟು ಬರೆಸಿ: ಹೆಸರು, ತಂದೆಯ ಹೆಸರು, ಊರು, ಪಲ್ಟನ್, ಹೋದ ವರ್ಷ, ಮರಳಿದರೋ ಇಲ್ಲವೋ. ಅವರ ಹೆಂಡತಿಯ ಹೆಸರನ್ನು ಮರೆಯದೆ ಬರೆಸಿ, ಕಾದವಳು ಅವಳು. ನೆರೆಮನೆಯ ಮರಾಠ, ಲಿಂಗಾಯತ, ಬೇಡ, ದಲಿತ ಬಂಧುಗಳ ಮನೆಯಲ್ಲಿ ಹೀಗೆ ಹೋದವರಿದ್ದರೆ ಅವರದನ್ನೂ ಕೇಳಿ ಅದೇ ಪುಟದಲ್ಲಿ ಸೇರಿಸಿ. ಕಂದಕದಲ್ಲಿ ಜೊತೆಗಿದ್ದವರನ್ನು ನಾವು ಕಾಗದದಲ್ಲಿ ಬೇರೆ ಮಾಡುವುದು ಬೇಡ. ಆಮೇಲೆ ಜುಮಾದ ದಿನ ನಮಾಝಿನ ನಂತರ ಆ ಹೆಸರುಗಳನ್ನು ಒಮ್ಮೆ ಗಟ್ಟಿಯಾಗಿ ಓದಿ, ತೀರಿಹೋದ ನಮ್ಮ ಹಿರಿಯರ ಮಗ್ಫಿರತ್‌ಗಾಗಿ ದುಆ ಮಾಡೋಣ. ಇಂದು ಯಾವ ನಾಡಿನಲ್ಲೇ ಆಗಲಿ, ಯಾವ ಧರ್ಮದವರೇ ಆಗಲಿ, ತಾವು ಬಯಸದ ಯುದ್ಧದಲ್ಲಿ ಸಿಕ್ಕಿಕೊಂಡವರ ರಕ್ಷಣೆಗಾಗಿಯೂ ಕೈ ಎತ್ತೋಣ.